ಒಲಿ ಮುಂದಿನ ಇತಿಹಾಸ

ಸಿರುಗುಪ್ಪದ ಚಿದಾನಂದಪ್ಪ ಮಾಸ್ತರ ಗ್ರಹಚಾರ ಕೆಟ್ಟದ್ದು ಎದುರುಮನೆ ಎರ್ರಣ್ಣನ ಮೊಬೈಲಿನಿಂದ. ಮೂವತ್ತು ವರ್ಷದ ಹಿಂದೆ ಟಿವಿಯಲ್ಲಿ ಬಂದುಹೋದ 'ಒಲಿ ಮುಂದಿನ ಇತಿಹಾಸ' ಎಂಬ ಹಾಸ್ಯ ಧಾರಾವಾಹಿಯನ್ನು ಯಾರೋ ಯೂಟ್ಯೂಬಿಗೆ ಹಾಕಿದ್ದರು. ಅದರಲ್ಲಿ ಮನೆಪಾಠದ ಮಾಸ್ತರೊಬ್ಬ ಅಡುಗೆಮನೆಯ ಒಲೆ ಮುಂದೆ ಕೂತು, ಲಟ್ಟಣಿಗೆಯನ್ನು ಕತ್ತಿ ಮಾಡಿ, ಅಜ್ಜಿಯನ್ನು ಆನೆ ಮಾಡಿ, ಬಾಯಿಗೆ ಬಂದ ಇತಿಹಾಸ ಹೇಳುತ್ತಿದ್ದ. ಆ ವೇಷ ಹಾಕಿದ್ದವನು ಈ ಚಿದಾನಂದಪ್ಪನೇ.

ಅದೂ ಇವತ್ತೇ ಆಗಬೇಕೆ? ಕುರುಗೋಡಿನಲ್ಲಿ ಅವನು ಪಾಠ ಮಾಡುತ್ತಿದ್ದ ಶಾಲೆ ಮುಚ್ಚಿ ಎಂಟು ತಿಂಗಳಾಗಿತ್ತು. ಬಳ್ಳಾರಿಯ ಹೊಸ ಶಾಲೆಯೊಂದರಲ್ಲಿ ಇತಿಹಾಸದ ಮಾಸ್ತರಿಕೆಗೆ ಇವತ್ತು ಸಂದರ್ಶನ. ಐವತ್ತೈದರ ವಯಸ್ಸಿನಲ್ಲಿ ಇದು ತಪ್ಪಿದರೆ ಇನ್ನೊಂದು ಸಿಗುವ ಆಸೆ ಇರಲಿಲ್ಲ.

"ಎರ್ರಣ್ಣ, ಕೈ ಮುಗೀತೀನಿ, ಯಾರಿಗೂ ತೋರಿಸಬ್ಯಾಡಪ್ಪ. ಇಂಥ ಕೋಡಂಗಿ ಕೈಯಾಗ ಯಾರು ಸೀಮೆಸುಣ್ಣ ಕೊಡ್ತಾರ?"

"ನಾನ್ಯಾಕ ತೋರಿಸ್ಲಿ ಮಾಸ್ತರ್ರೇ? ನಿಮಗ ಧೈರ್ಯಕ್ಕಂತ ನಾನೂ ಬರ್ತೀನಿ, ನಡೀರಿ."

ಬಂದ. ಬಸ್ಸು ಊರು ದಾಟುವುದರೊಳಗೆ ಇಡೀ ಬಸ್ಸಿಗೆ ತೋರಿಸಿದ. ಕಂಡಕ್ಟರ್ ಟಿಕೆಟ್ ಕೊಡುವುದು ಬಿಟ್ಟು, "ಸಾರ್, ಆನಿ ಸೀನ್ ಒಂದ್ಸಲ ಮಾಡ್ರಿ" ಎಂದ. ಸೆಲ್ಫಿಯ ನೂಕುನುಗ್ಗಲಿನಲ್ಲಿ ಇಸ್ತ್ರಿ ಅಂಗಿಯ ಜೇಬು ಕಿತ್ತುಬಂತು. ರಾರಾವಿಯ ಮುದುಕಿಯೊಬ್ಬಳು ಮಾತ್ರ ನಗದೆ ಮೊಬೈಲನ್ನೂ ಮಾಸ್ತರನ್ನೂ ನೋಡಿ, "ಪಾಪ, ಎಷ್ಟು ಮುಪ್ಪಾಗ್ಯಾನ" ಎಂದಳು. ಅವನಿಗೆ ಎಲ್ಲಕ್ಕಿಂತ ನೋವಾದದ್ದು ಆ ಮಾತು.

ಬಳ್ಳಾರಿಯಲ್ಲಿ ಎರ್ರಣ್ಣನನ್ನು ಚಹಾದಂಗಡಿಯಲ್ಲಿ ಕೂರಿಸಿ, ಹರಿದ ಜೇಬಿಗೆ ಫೈಲು ಅಡ್ಡ ಹಿಡಿದು ಶಾಲೆಯೊಳಗೆ ಹೋದ. ಶಾಲೆಯ ಅಧ್ಯಕ್ಷ ದೊಡ್ಡಬಸವರಾಜ ಅವರು ಅವನ ಗುರುತು ಹಿಡಿಯಲಿಲ್ಲ. ಬದುಕಿದೆಯಾ ಬಡಜೀವವೇ ಎಂದುಕೊಂಡ.

"ಬಳ್ಳಾರಿಗೆ ಆ ಹೆಸರು ಹೆಂಗ ಬಂತ್ರಿ?"

"ಲಿಂಗಪೂಜಿ ಆಗೋತನಕ ಉಣ್ಣದ ವ್ಯಾಪಾರಿಯೊಬ್ಬ, ಲಿಂಗ ಸಿಗಲಿಲ್ಲಂತ ಕಾಳು ಅಳೆಯೋ ಬಳ್ಳ ಬೋರಲಿಟ್ಟು ಪೂಜಿ ಮಾಡಿದ ಅಂತ ಸ್ಥಳಪುರಾಣ ಐತ್ರಿ. ಬ್ಯಾರೆ ಅಭಿಪ್ರಾಯನೂ ಅದಾವು."

ಅಧ್ಯಕ್ಷರು ಮುಖ ಗಂಟು ಹಾಕಿಕೊಂಡರು. "ತಪ್ಪು. ಹಸಿದ ರಾಜಗ ಮುದುಕಿಯೊಬ್ಬಾಕಿ ಬಳ್ಳದಾಗ ಬಿಸಿ ಅಂಬಲಿ ಕೊಟ್ಲು. ಬಳ್ಳ ಆರಿದ ಮ್ಯಾಲೆ ಕುಡಿಯಪ್ಪಾ ಅಂದ್ಲು. ಬಳ್ಳ ಆರಿ, ಬಳ್ಳಾರಿ! ಸಣ್ಣಾವಿದ್ದಾಗ ಟಿವಿಯಾಗ ಒಬ್ರು ಮಾಸ್ತರು ಹೇಳಿದ್ದು. ಇವತ್ತಿಗೂ ಮರ್ತಿಲ್ಲ."

ಚಿದಾನಂದಪ್ಪ ಫೈಲನ್ನು ಹರಿದ ಜೇಬಿಗೆ ಇನ್ನಷ್ಟು ಒತ್ತಿ ಹಿಡಿದ. ಸುಮ್ಮನಿದ್ದರೆ ಕೆಲಸ ಹೋಗುತ್ತದೆ, ಬಾಯಿಬಿಟ್ಟರೆ ಮಾನ. ಮಾನ ಹೋದರೆ ಹೋಗಲಿ ಎಂದುಕೊಂಡ.

"ಸಾರ್, ಆ ಮಾಸ್ತರ್ ನಾನ. ಅದು ನಗಸಾಕ ಹೇಳಿದ ಸುಳ್ಳು."

ದೊಡ್ಡಬಸವರಾಜ ದಿಗ್ಗನೆದ್ದು ಅವನ ಕಾಲು ಮುಟ್ಟಿ ಕಣ್ಣಿಗೊತ್ತಿಕೊಂಡರು. ಶಾಲು ತರಿಸಿ ಹೊದಿಸಿದರು. ಅವರ ಕಣ್ಣಲ್ಲಿ ನೀರಿತ್ತು.

"ಎಷ್ಟು ಚಂದ ಕಲಿಸಿದ ಗುರುಗಳು! ವಯಸ್ಸು ನೋಡ್ರಿ, ತಾವ ಹೇಳಿದ ಪಾಠನ ಮರೆಸಿಬಿಡ್ತು. ಮಕ್ಕಳ ಭವಿಷ್ಯದ ಪ್ರಶ್ನೆ ಐತಿ, ಮನಿಗೆ ಹೋಗಿ ಆರಾಮ ಇರ್ರಿ" ಎಂದು, ಮುಂದಿನವರನ್ನು ಕರೆದರು.