ಮಾವನ ಇಸ್ತ್ರಿ ಪೆಟ್ಟಿಗೆ

"ಇವತ್ತು ಭಾನುವಾರ. ನಾವೆಲ್ಲ ಮ್ಯೂಸಿಯಮ್ಮಿಗೆ ಹೋಗಿ ನಿಮ್ಮ ಮಾವನವರ ಇಸ್ತ್ರಿ ಪೆಟ್ಟಿಗೆ ನೋಡ್ಕೊಂಡು ಬರೋಣ" ಎಂದು ಅತ್ತೆ ಹೇಳಿದಾಗ ಅಳಿಯನ ಗಂಟಲಿಗೆ ಇಳಿಯುತ್ತಿದ್ದ ನೀರು ದಾರಿ ತಪ್ಪಿ ಮೂಗಿಗೆ ನುಗ್ಗಿತು.

ಅವನಿಗೂ ಒಂದು ಹೆಸರಿತ್ತು. ಆದರೆ ಮದುವೆಯಾಗಿ ಹೆಂಡತಿಯ ತವರಿನಲ್ಲೇ ನೆಲೆ ನಿಂತ ಮೇಲೆ ಆ ಹೆಸರು ಟ್ರಂಕಿನ ತಳ ಸೇರಿತು. ಅತ್ತೆ "ಅಳಿಯಂದ್ರೆ" ಎನ್ನುವುದನ್ನು ಕೇಳಿ ಕೇಳಿ ಇಡೀ ಬೀದಿಯೇ ಹಾಗೆ ಕರೆಯತೊಡಗಿತು. ಪೇಪರ್ ಹಾಕುವವನಿಂದ ಹಿಡಿದು ಅವನು ಕೆಲಸ ಮಾಡುವ ಕನ್ನಡಕದಂಗಡಿಯ ಯಜಮಾನರವರೆಗೆ ಎಲ್ಲರಿಗೂ ಅವನು ಅಳಿಯನೇ.

ಮಾವ ದರ್ಜಿಯಾಗಿದ್ದವರು. ಅವರು ತೀರಿಕೊಂಡ ಮೇಲೆ ಹೊಲಿಗೆ ಯಂತ್ರ ಯಾರದೋ ಪಾಲಾಯಿತು, ಕತ್ತರಿ ಮೊಂಡಾಯಿತು. ಅವರ ನೆನಪಿಗೆ ಉಳಿದದ್ದು ಇದ್ದಿಲು ತುಂಬುವ ಇಸ್ತ್ರಿ ಪೆಟ್ಟಿಗೆಯೊಂದೇ. ಎತ್ತಿದರೆ ಭುಜ ಕೀಲು ತಪ್ಪಬೇಕು, ಅಷ್ಟು ಭಾರ. ಮುಚ್ಚಳದ ಕೊಕ್ಕೆಯ ಮೇಲೆ ಪುಟ್ಟದೊಂದು ಹಿತ್ತಾಳೆ ಹುಂಜ, ಅದಕ್ಕೆ ಕೊಕ್ಕಿಲ್ಲ. ಅತ್ತೆ ಆ ಹುಂಜವನ್ನು ಬೂದಿ ಹಚ್ಚಿ ತಿಕ್ಕುವಾಗ ಮನೆಯಲ್ಲಿ ಯಾರೂ ಜೋರಾಗಿ ಮಾತಾಡುತ್ತಿರಲಿಲ್ಲ.

ಹೋದ ತಿಂಗಳು ಅತ್ತೆ ಅದನ್ನು ಮ್ಯೂಸಿಯಮ್ಮಿಗೆ ಕೊಡಲು ಮನಸ್ಸು ಮಾಡಿದರು. "ನಾಲ್ಕು ಜನ ನೋಡ್ಲಿ. ನೀವೇ ಜೋಪಾನವಾಗಿ ತಲುಪಿಸಿ ಬನ್ನಿ ಅಳಿಯಂದ್ರೆ" ಎಂದು ಬಟ್ಟೆ ಸುತ್ತಿ ಕೈಗಿತ್ತರು. ಅಳಿಯ ಬಸ್ಸು ಹತ್ತಿ ಪೆಟ್ಟಿಗೆಯನ್ನು ಸೀಟಿನ ಕೆಳಗಿಟ್ಟ. ಅಷ್ಟರಲ್ಲಿ ಮುಂದೆ ಕಿಟಕಿ ಪಕ್ಕದ ಸೀಟು ಖಾಲಿಯಾಯಿತು. ಹೋಗಿ ಕೂತ. ತಂಗಾಳಿ ಬೀಸಿತು. ಕಣ್ಣು ಮುಚ್ಚಿತು. ಎಚ್ಚರವಾದಾಗ ಇಳಿಯುವ ನಿಲ್ದಾಣ ಹಿಂದೆ ಓಡುತ್ತಿತ್ತು. ಧಡಕ್ಕನೆ ಹಾರಿಕೊಂಡ. ಬರಿಗೈಯಲ್ಲಿ.

ಬಸ್ ಡಿಪೋದಲ್ಲಿ ವಿಚಾರಿಸಿದರೆ ಯಾರಿಗೂ ಗೊತ್ತಿಲ್ಲ. ಮನೆಗೆ ಬಂದು ಕೈಕಾಲು ತೊಳೆದವನೇ, "ಕೊಟ್ಟು ಬಂದೆ ಅತ್ತೆ" ಎಂದುಬಿಟ್ಟ. ಅಲ್ಲಿಗೆ ನಿಲ್ಲಿಸಿದ್ದರೆ ಚೆನ್ನಾಗಿತ್ತು. ಅತ್ತೆ "ಎಲ್ಲಿಟ್ಟರು?" ಎಂದರು. "ಗಾಜಿನ ಪೆಟ್ಟಿಗೇಲಿ" ಎಂದ. ಮರುದಿನ "ಬರೀ ಗಾಜಾ?" ಎಂದರು. "ಕೆಳಗೆ ಕೆಂಪು ಮಖಮಲ್ಲು" ಎಂದ. ವಾರ ಕಳೆಯುವಷ್ಟರಲ್ಲಿ ಮೇಲೊಂದು ಪುಟ್ಟ ದೀಪ ಬೆಳಗಿ, ಪಕ್ಕದಲ್ಲಿ ಮಾವನ ಹೆಸರಿನ ಫಲಕ ಎದ್ದು ನಿಂತು, ಯಾರೋ ದೊಡ್ಡ ಮನುಷ್ಯರು ಬಂದು ಕೈಮುಗಿದೂ ಆಗಿತ್ತು.

ಈಗ ಅದನ್ನೆಲ್ಲ ನೋಡಲು ಹೊರಟಿದ್ದಾರೆ! ಜೊತೆಗೆ ಪಕ್ಕದ ಮನೆಯ ರೇಡಿಯೋ ಅಕ್ಕ ಬೇರೆ. ಈಕೆಯ ಕಿವಿಗೆ ಬಿದ್ದದ್ದು ಬೀದಿಯ ಕೊನೆ ಮುಟ್ಟಲು ಹಾಲು ಉಕ್ಕುವಷ್ಟು ಹೊತ್ತು ಸಾಕು. ಗುಟ್ಟು ರಟ್ಟಾದರೆ ಅಳಿಯ ಆ ಮನೆಯಲ್ಲಿ ತಲೆಯೆತ್ತಿ ಅನ್ನ ಉಣ್ಣುವಂತಿಲ್ಲ, ಬೀದಿಯಲ್ಲಿ ತಲೆಯೆತ್ತಿ ನಡೆಯುವಂತಿಲ್ಲ.

"ನಂಗೆ ಅಂಗಡೀಲಿ ಅರ್ಜೆಂಟ್ ಕೆಲಸ ಇದೆ. ನೀವು ಹೋಗ್ಬನ್ನಿ" ಎಂದು ಅವನು ಸಿಕ್ಕಿದ ಕಾಲುಚೀಲ ಏರಿಸಿಕೊಂಡು ಹೊರಬಿದ್ದ.

ಒಂದೇ ಒಂದು ಸಮಾಧಾನವಿತ್ತು. ಅತ್ತೆಯ ಕನ್ನಡಕ ಗಾಜು ಬದಲಿಸಲೆಂದು ಅವನ ಅಂಗಡಿಗೆ ಬಂದಿತ್ತು. ಕನ್ನಡಕವಿಲ್ಲದೆ ಅತ್ತೆಗೆ ಹುಂಜವೂ ಒಂದೇ, ಆನೆಯೂ ಒಂದೇ. ಅಲ್ಲಿ ಯಾವುದಾದರೂ ಒಂದು ಇಸ್ತ್ರಿ ಪೆಟ್ಟಿಗೆ ಇದ್ದರೆ ಸಾಕು!

ಅಂಗಡಿಯ ಬಾಗಿಲು ತೆಗೆದು, ಕಣ್ಣಿನ ಪರೀಕ್ಷೆಯ ಹಳೆಯ ರಟ್ಟಿನ ಹಲಗೆಯೊಂದನ್ನು ಕತ್ತರಿಸಿ, ಹಿಂಬದಿಯಲ್ಲಿ ಕಪ್ಪು ಶಾಯಿಯಿಂದ ಮಾವನ ಹೆಸರು, ಕಸುಬು, 'ಕುಟುಂಬದವರ ಕೊಡುಗೆ' ಎಂದೆಲ್ಲ ಬರೆದ. ಅಕ್ಷರ ದುಂಡಗೆ ಬಂದವು. ಅದನ್ನು ಅಂಗಿಯೊಳಗೆ ಸಿಕ್ಕಿಸಿಕೊಂಡು ಓಡಿದ.

ಆ ಊರಿನ ಮ್ಯೂಸಿಯಂ ಎಂದರೆ ಹಿಂದಿನ ಕಾಲದ ಜೈಲು. ಆನೆ ಗುದ್ದಿದರೂ ಅಲುಗದ ಗೋಡೆ, ಬಗ್ಗಿ ನುಗ್ಗುವ ಬಾಗಿಲು. ಕಳ್ಳರು ಮಲಗುತ್ತಿದ್ದ ಒಂದೊಂದು ಕೋಣೆಯಲ್ಲೂ ಈಗ ಹಳೆಯ ಪಾತ್ರೆ, ಹಳೆಯ ಬೀಗ, ಹಳೆಯ ಕುರ್ಚಿ. ಕೈದಿಗಳು ಊಟಕ್ಕೆ ಕೂರುತ್ತಿದ್ದ ನಡುವಿನ ಹಜಾರದಲ್ಲಿ ಭಾನುವಾರ ಚಿತ್ರಕಲೆಯ ತರಗತಿ. ಅಳಿಯ ಎಡಬಲ ನೋಡದೆ ಹಜಾರ ದಾಟಿ ಕೋಣೆಗಳನ್ನು ಇಣುಕುತ್ತ ಹೋದ. ಮೂರನೆಯದರಲ್ಲಿ, ಹಗ್ಗ ಕಟ್ಟಿದ ಆಚೆ, ಮರದ ಹಲಗೆಯ ಮೇಲೆ ಕೂತಿತ್ತು ಇಸ್ತ್ರಿ ಪೆಟ್ಟಿಗೆ!

ಹುಂಜವಿಲ್ಲ. ಗಾಜಿಲ್ಲ, ಮಖಮಲ್ಲಿಲ್ಲ, ದೀಪವಂತೂ ಮೊದಲೇ ಇಲ್ಲ. ಆದರೂ ಅವನಿಗೆ ಅದನ್ನು ಅಪ್ಪಿಕೊಳ್ಳುವಷ್ಟು ಪ್ರೀತಿ ಉಕ್ಕಿತು. ಹಗ್ಗ ದಾಟಿ, ಫಲಕವನ್ನು ಪೆಟ್ಟಿಗೆಗೆ ಒರಗಿಸಿ, ಇನ್ನೇನು ಈಚೆಗೆ ಕಾಲಿಡಬೇಕು, ಹಿಂದಿನಿಂದ ಒಂದು ಕೈ ಬಂದು ಹೆಗಲ ಮೇಲೆ ಕೂತಿತು.

"ಹಗ್ಗದ ಒಳಗೇನು ಕೆಲಸ ಸ್ವಾಮಿ?"

ವಾಚ್‌ಮನ್. ಮೀಸೆಯೇ ಅರ್ಧ ಮುಖ.

"ನಾನು... ಡ್ರಾಯಿಂಗು... ಡ್ರಾಯಿಂಗ್ ಕ್ಲಾಸಿಗೆ ಬಂದವನು" ಎಂದು ಅಳಿಯ ಬಾಯಿಗೆ ಬಂದದ್ದು ಹೇಳಿದ.

"ಹಾಗನ್ನಿ ಮತ್ತೆ! ಮೇಡಂ ಆಗಿಂದ ನಿಮ್ಮ ದಾರೀನೇ ಕಾಯ್ತಿದ್ದಾರೆ, ಬನ್ನಿ ಬನ್ನಿ" ಎಂದು ವಾಚ್‌ಮನ್ ಅವನ ರಟ್ಟೆ ಹಿಡಿದು ಹಜಾರಕ್ಕೆ ಎಳೆದುಕೊಂಡು ಹೋದ.

ಅಲ್ಲಿ ಡ್ರಾಯಿಂಗ್ ಮೇಡಂ ಸಿಡಿಮಿಡಿಗೊಂಡು ನಿಂತಿದ್ದರು. ಸುತ್ತ ಹತ್ತಾರು ಜನ ಖಾಲಿ ಹಾಳೆ ಇಟ್ಟುಕೊಂಡು ಪೆನ್ಸಿಲ್ ಕಚ್ಚುತ್ತಿದ್ದರು.

"ಇದೇನ್ರೀ ಬರೋ ಹೊತ್ತು? ಮಾಡೆಲ್ ಇಲ್ದೆ ಇವರೆಲ್ಲ ಏನು ಗೋಡೆ ಬರೀಬೇಕಾ?"

"ಮೇಡಂ, ನಾನು ಆ..."

"ಮಾತಾಡ್ಬೇಡಿ! ಮುಖ ಹಾಗೇ ಇರ್ಲಿ!" ಮೇಡಂ ಅವನ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿದರು. "ಅಬ್ಬಬ್ಬ! ನೋಡಿ ಎಲ್ಲರೂ. ತಪ್ಪು ಮಾಡಿ ಸಿಕ್ಕಿಬೀಳೋಕೆ ಮುಂಚೆ ಮನುಷ್ಯನ ಮುಖ ಹೇಗಿರುತ್ತೆ ಅಂದ್ರೆ ಹೀಗಿರುತ್ತೆ. ನಮ್ಮ ಕೈದಿ ಚಿತ್ರಕ್ಕೆ ಹೇಳಿ ಮಾಡಿಸಿದ್ದು!"

ಅವನು ಬಾಯಿ ತೆರೆಯುವಷ್ಟರಲ್ಲಿ ತಲೆಯ ಮೇಲೆ ಒರಟು ಕಂಬಳಿ ಬಿತ್ತು. ಬೂಟು ಬಿಚ್ಚಿಸಿದರು. ಒಂದು ಕಂದು, ಒಂದು ನೀಲಿ ಕಾಲುಚೀಲ ಹೊರಬಂದವು. ನೀಲಿಯದರ ತೂತಿನಿಂದ ಹೆಬ್ಬೆರಳು ಇಣುಕಿತು. "ಅದನ್ನ ತೆಗೀಬೇಡಿ, ಒಳ್ಳೆ ದರಿದ್ರ ಕಳೆ ಇದೆ" ಎಂದರು ಮೇಡಂ. ನಾಟಕದವರು ಬಿಟ್ಟುಹೋಗಿದ್ದ ಸಂಕೋಲೆಯನ್ನು ಕಾಲಿಗೆ ಹಾಕಿ ಕಂಬಕ್ಕೆ ಬಿಗಿದರು. ಸಂಕೋಲೆ ನಾಟಕದ್ದಾದರೂ ಬೀಗ ನಿಜದ್ದು. ಬೀಗದ ಕೈ ಮೇಡಂ ಸೊಂಟ ಸೇರಿತು.

"ಅಲ್ಲಾಡಿದ್ರೆ ಮೊದಲಿಂದ ಶುರು ಮಾಡ್ಬೇಕಾಗುತ್ತೆ. ಹುಷಾರ್!"

ಅಷ್ಟರಲ್ಲಿ ದೊಡ್ಡ ಬಾಗಿಲ ಕಡೆಯಿಂದ ವಾಚ್‌ಮನ್ ದನಿ ಕೇಳಿಸಿತು. "ಬ್ಯಾಗು ಇಲ್ಲೇ ಇಟ್ಟು ಹೋಗ್ಬೇಕಮ್ಮ. ಅಬ್ಬಾ! ಇದೇನು, ಕಲ್ಲು ತುಂಬಿಸ್ಕೊಂಡು ಬಂದಿದ್ದೀರಾ?"

"ನೀರಿನ ಬಾಟ್ಲಿ, ತಿಂಡಿ ಡಬ್ಬಿ ಕಣಪ್ಪ. ಜೋಪಾನವಾಗಿ ಇಡು."

ಅತ್ತೆ! ಅಳಿಯನ ಹಣೆಯಿಂದ ಬೆವರು ಸಾಲುಗಟ್ಟಿ ಇಳಿಯಿತು. ಕಂಬಳಿಯನ್ನು ಮೂಗಿನವರೆಗೆ ಎಳೆದುಕೊಂಡ. "ಆಹಾ, ಹಾಗೇ!" ಎಂದರು ಮೇಡಂ.

ಮುಂದೆ ಅತ್ತೆ, ಅವರ ಕೈ ಹಿಡಿದು ಹೆಂಡತಿ, ಹಿಂದೆ ಛತ್ರಿ ಕುಟ್ಟುತ್ತ ರೇಡಿಯೋ ಅಕ್ಕ. ನೇರ ಅವನೆದುರಿಗೇ ಬಂದು ನಿಂತರು.

"ಅಮ್ಮಾ, ಇದು ಮನುಷ್ಯನಾ ಗೊಂಬೆನಾ?" ಎಂದು ರೇಡಿಯೋ ಅಕ್ಕ ಛತ್ರಿಯ ತುದಿಯಿಂದ ಅವನ ಪಕ್ಕೆಗೆ ತಿವಿದಳು. ಅಳಿಯ ಹಲ್ಲು ಕಚ್ಚಿದ. ಕಣ್ಣಲ್ಲಿ ನೀರು ಬಂತು. ಆದರೆ ಅಲುಗಲಿಲ್ಲ. "ಮೇಣದ್ದು ಕಣ್ರೀ! ಬೆವರೂ ಹಾಕಿದ್ದಾರೆ ನೋಡಿ. ಏನು ಕೈಚಳಕ, ಏನು ಕೈಚಳಕ!"

ಹೆಂಡತಿ ಮಾತ್ರ ಕೆಳಗೆ ನೋಡುತ್ತಿದ್ದಳು. ಕಂದು ಕಾಲುಚೀಲ. ನೀಲಿ ಕಾಲುಚೀಲ. ಹೆಬ್ಬೆರಳು. "ಅಮ್ಮಾ, ಈ ಕೈದಿಗೆ ಮನೇಲಿ ಹೇಳೋರು ಕೇಳೋರು ಯಾರೂ ಇಲ್ಲ ಅನ್ಸುತ್ತೆ. ಕಾಲುಚೀಲ ನೋಡು" ಎಂದಳು.

"ನಂಗೆಲ್ಲಿ ಕಾಣ್ಬೇಕು ಕನ್ನಡಕ ಇಲ್ದೆ. ನಡಿ, ಪೆಟ್ಟಿಗೆ ಎಲ್ಲಿದೆ ನೋಡೋಣ" ಎಂದರು ಅತ್ತೆ.

ಮೂವರೂ ಮೂರನೆಯ ಕೋಣೆ ಹೊಕ್ಕರು. ಅದು ಅವನಿಗೆ ನೇರ ಎದುರಿಗೆ. ತಲೆ ತಿರುಗಿಸುವಂತಿಲ್ಲ, ಕಿವಿ ಮುಚ್ಚುವಂತಿಲ್ಲ.

"ಅಯ್ಯೋ ಅಮ್ಮಾ, ಗಾಜೆಲ್ಲಿ? ಮಖಮಲ್ಲೆಲ್ಲಿ?" ರೇಡಿಯೋ ಅಕ್ಕನ ಪ್ರಸಾರ ಶುರುವಾಯಿತು.

"ಒರೆಸೋಕೆ, ಒಗೆಯೋಕೆ ತೆಗೆದಿರ್ತಾರೆ" ಎಂದರು ಅತ್ತೆ.

"ಹೆಸರೇನೋ ಹಾಕಿದ್ದಾರೆ ಬಿಡಿ. ಆದ್ರೆ ಇದೇನು ಹೀಗೆ? ಮೊದಲನೇ ಸಾಲು ಇಷ್ಟು ದಪ್ಪ, ಆಮೇಲೆ ಸಣ್ಣ, ಆಮೇಲೆ ಇನ್ನೂ ಸಣ್ಣ. ಕೊನೇದು ಇರುವೆ ಸಾಲು!"

ಅಳಿಯ ಕಂಬಳಿಯೊಳಗೇ ಕಣ್ಣು ಮುಚ್ಚಿದ. ಇಷ್ಟು ವರ್ಷ ಗೋಡೆಯ ಮೇಲಿನ ಕಣ್ಣು ಪರೀಕ್ಷೆಯ ಹಲಗೆ ತೋರಿಸಿ "ಇದು ಕಾಣುತ್ತಾ? ಇದು?" ಎಂದು ಕೇಳಿ ಕೇಳಿ, ಕೈ ತನ್ನ ಪಾಡಿಗೆ ತಾನು ಹಾಗೇ ಬರೆದುಬಿಟ್ಟಿತ್ತು.

"ದೊಡ್ಡ ಜಾಗದೋರು. ಅವರ ಪದ್ಧತಿ ಹಾಗಿರ್ಬೇಕು" ಎಂದರು ಅತ್ತೆ.

"ಅದಿರ್ಲಿ, ಹುಂಜ ಎಲ್ಲಮ್ಮಾ? ನಿಮ್ಮ ಪೆಟ್ಟಿಗೇಲಿ ಹುಂಜ ಇತ್ತಲ್ಲ?"

ಹಜಾರದಲ್ಲಿ ಪೆನ್ಸಿಲ್ಲುಗಳು ಹಾಳೆಯ ಮೇಲೆ ಗೀರುತ್ತಲೇ ಇದ್ದವು.

"ಹುಂಜ ಇದೆಯಲ್ಲ" ಎಂದರು ಅತ್ತೆ ನಿಧಾನವಾಗಿ. "ಕನ್ನಡಕ ಇಲ್ದೆ ನಂಗೇ ಕಾಣ್ತಿದೆ. ನಿಮಗೆ ಕಾಣ್ತಿಲ್ವಾ?"

ತನ್ನ ಕಣ್ಣು ತಪ್ಪಿಸಿ ಬೀದಿಯಲ್ಲಿ ಬೆಕ್ಕು ಕೂಡ ದಾಟುವುದಿಲ್ಲ ಎಂದು ಹೇಳಿಕೊಳ್ಳುವ ರೇಡಿಯೋ ಅಕ್ಕ ಒಂದು ಕ್ಷಣ ತಡವರಿಸಿದಳು. "ಹೌದ್ಹೌದು... ಅಲ್ಲೇ ಇದೆಯಲ್ಲ! ನೆರಳಲ್ಲಿ ಇದೆ. ಎಂಥ ಹುಂಜ! ಇನ್ನೇನು ಕೂಗೋ ಹಾಗಿದೆ."

ಅಳಿಯನಿಗೆ ಹೋದ ಜೀವ ಬಂದಂತಾಯಿತು. ಅತ್ತೆಯ ಮಂದ ದೃಷ್ಟಿಗೆ ಮನಸ್ಸಿನಲ್ಲೇ ಅಡ್ಡಬಿದ್ದ. ಅವರ ಕನ್ನಡಕವನ್ನು ಇನ್ನೊಂದು ತಿಂಗಳು ಅಂಗಡಿಯಲ್ಲೇ ಇಟ್ಟುಕೊಳ್ಳಲು ತೀರ್ಮಾನಿಸಿದ.

"ನಾನು ಮುಂದೆ ಹೋಗಿ ಬಸ್ಸಲ್ಲಿ ಸೀಟ್ ಹಿಡಿದಿರ್ತೀನಿ" ಎಂದು ರೇಡಿಯೋ ಅಕ್ಕ ಹೊರಟಳು. ಈ ಸುದ್ದಿಯನ್ನು ಹೊಟ್ಟೆಯಲ್ಲಿಟ್ಟುಕೊಂಡು ಅವಳಿಂದ ನಿಲ್ಲಲಾಗುತ್ತಿರಲಿಲ್ಲ. ಮೇಡಂ ಚಪ್ಪಾಳೆ ತಟ್ಟಿ, "ಐದು ನಿಮಿಷ ವಿಶ್ರಾಂತಿ" ಎಂದರು. ಬರೆಯುವವರೆಲ್ಲ ನೀರು ಕುಡಿಯಲು ಎದ್ದು ಹೋದರು. ಬೀಗದ ಕೈಯೂ ಮೇಡಂ ಜೊತೆಗೆ ಹೋಯಿತು.

ಆಗ ಅತ್ತೆ ಮಗಳೊಂದಿಗೆ ತಿರುಗಿ ಬಂದರು. ವಾಚ್‌ಮನ್ ಬಳಿ ಇಟ್ಟಿದ್ದ ಬ್ಯಾಗು ಈಗ ಕೈಯಲ್ಲಿತ್ತು. ಕೈದಿಯ ಎದುರಿನ ಬೆಂಚಿನ ಮೇಲೆ ಉಸ್ಸೆಂದು ಕೂತರು. ಬ್ಯಾಗಿನೊಳಗೆ ಕೈ ಹಾಕಿ ಕನ್ನಡಕ ತೆಗೆದರು. ಸೆರಗಿನಲ್ಲಿ ಒರೆಸಿದರು. ಮೂಗಿನ ಮೇಲೆ ಏರಿಸಿದರು.

"ನಿಮ್ಮ ಯಜಮಾನ್ರು ನಿನ್ನೇನೇ ಮನೆಗೆ ಕಳಿಸಿಕೊಟ್ರು, ಅಳಿಯಂದ್ರೆ. ಗಾಜು ಚೆನ್ನಾಗಿ ಕೂರಿಸಿದ್ದಾರೆ. ಈಗಷ್ಟೇ ಹಾಕ್ಕೊಂಡು ಇನ್ನೊಂದ್ಸಲ ಫಲಕ ನೋಡಿ ಬಂದೆ, ಇರುವೆ ಸಾಲು ಕೂಡ ಸ್ಪಷ್ಟವಾಗಿ ಕಾಣ್ತು."

ಕಂಬಳಿ ಮೂಗಿನಿಂದ ಕಣ್ಣಿನವರೆಗೆ ಏರಿತು.

ಅತ್ತೆ ಮತ್ತೆ ಬ್ಯಾಗಿಗೆ ಕೈ ಹಾಕಿದರು. ಈ ಸಲ ಎರಡೂ ಕೈ. ಧಡ್ಡನೆ ಬೆಂಚಿನ ಮೇಲೆ ಕೂತಿತು ಇಸ್ತ್ರಿ ಪೆಟ್ಟಿಗೆ. ಕೊಕ್ಕಿಲ್ಲದ ಹುಂಜ ಅಳಿಯನನ್ನೇ ದಿಟ್ಟಿಸಿತು.

"ಅತ್ತೆ! ಇದು... ಇದು ಹೇಗೆ..."

"ಆ ದಿನ ಸಂಜೇನೇ ಕಂಡಕ್ಟರು ಮನೆಗೆ ತಂದುಕೊಟ್ಟ. ಅವನ ಮದುವೆ ಅಂಗಿ ಹೊಲಿದದ್ದು ಇವರೇ ಅಲ್ವಾ, ಹುಂಜ ನೋಡಿದ್ದೇ ಗೊತ್ತಾಯ್ತಂತೆ. ನೀವಾಗ ಬಚ್ಚಲಲ್ಲಿ ಕೈಕಾಲು ತೊಳೀತಿದ್ರಿ. ಈಚೆ ಬಂದು ತಪ್ಪಾಯ್ತು ಅಂತೀರಿ ಅಂದ್ಕೊಂಡೆ. ನೀವು ಗಾಜಿನ ಪೆಟ್ಟಿಗೆ ಕತೆ ಶುರು ಮಾಡಿದ್ರಿ. ಕತೆ ದಿನಾ ಬೆಳೀತಾ ಹೋಯ್ತು. ಚೆನ್ನಾಗಿತ್ತು. ನಡುವೆ ಬಾಯಿ ಹಾಕೋಕೆ ಮನಸ್ಸು ಬರ್ಲಿಲ್ಲ."

"ನೀನೂ..." ಎಂದು ಅಳಿಯ ಹೆಂಡತಿಯ ಕಡೆ ನೋಡಿದ.

"ದೀಪ ಹಚ್ಚಿದ್ರಲ್ಲ, ಅದು ನಂಗೆ ತುಂಬಾ ಇಷ್ಟ ಆಯ್ತು ರೀ" ಎಂದಳು ಅವಳು.

"ತಪ್ಪಾಯ್ತು ಅತ್ತೆ" ಎಂದು ಅಳಿಯ ಗೋಗರೆದ. "ಈಗಲೇ ಮ್ಯೂಸಿಯಂನವರಿಗೆ ಇದನ್ನೇ ಕೊಟ್ಟುಬಿಡೋಣ."

"ಹೇಗೆ ಕೊಡ್ತೀರಿ? ಅಲ್ಲಿರೋದೇ ನಮ್ಮದು ಅಂತ ಇಷ್ಟು ಹೊತ್ತಿಗೆ ಬಸ್ಸಲ್ಲಿ ಪ್ರಸಾರ ಆಗಿದೆ. ಎರಡನೇದು ಎಲ್ಲಿಂದ ಬಂತು ಅಂತ ಹೇಳೋಣ? ಮನೆ ಮಾನ ಉಳಿಸೋಕೆ ನಾನೂ ಇಲ್ಲದ ಹುಂಜ ಕಂಡೆ ಅಂದೆ." "ಇನ್ನು ಇದು ನಿಮ್ಮ ಮಂಚದ ಕೆಳಗೇ ಇರ್ಬೇಕು. ವಾರಕ್ಕೊಂದ್ಸಲ ಬಾಗಿಲು ಹಾಕ್ಕೊಂಡು ನೀವೇ ತಿಕ್ಕಬೇಕು. ಈಗ ಯಾರಿಗೂ ಕಾಣದ ಹಾಗೆ ಮನೆಗೆ ತನ್ನಿ. ಬಸ್ಸಲ್ಲಿ ಬೇಡ ಅಳಿಯಂದ್ರೆ. ನಡ್ಕೊಂಡು."

ಮೇಡಂ ಬಂದು ಬೀಗ ತೆಗೆದರು. ಪೆಟ್ಟಿಗೆ ಮುಚ್ಚಿಕೊಳ್ಳಲು ಅಳಿಯ ಆ ಕಂಬಳಿಯನ್ನೇ ಬೇಡಿದ. "ತಗೊಂಡು ಹೋಗಿ. ಚಿತ್ರ ಇನ್ನೂ ಅರ್ಧ ಆಗಿದೆ, ಮುಂದಿನ ಭಾನುವಾರ ಇದನ್ನ ಹೊದ್ಕೊಂಡೇ ಬನ್ನಿ. ಮುಖಾನೂ ಇವತ್ತಿನ ಹಾಗೇ ಇಟ್ಕೊಂಡು ಬನ್ನಿ" ಎಂದರು ಮೇಡಂ.

ಬಿಸಿಲು ನೆತ್ತಿಗೇರಿತ್ತು. ಅಳಿಯ ಕಂಬಳಿ ಹೊದ್ದು, ಅದರೊಳಗೆ ಪೆಟ್ಟಿಗೆಯನ್ನು ಹಸುಗೂಸಿನಂತೆ ಎದೆಗವಚಿಕೊಂಡು, ಏದುಸಿರು ಬಿಡುತ್ತ ಹೊರಟ. ತಿರುವಿನಲ್ಲಿ ಬಸ್ಸು ಹಿಂದಿನಿಂದ ಬಂದು ನಿಧಾನವಾಯಿತು. ಕಿಟಕಿಯಲ್ಲಿ ರೇಡಿಯೋ ಅಕ್ಕನ ಛತ್ರಿ ಕಂಡದ್ದೇ ತಡ, ಅವನು ಕಂಬಳಿಯನ್ನು ತಲೆಯ ಮೇಲೆಳೆದುಕೊಂಡು ಓಡತೊಡಗಿದ.

"ಅಯ್ಯಯ್ಯೋ ಅಮ್ಮಾ!" ರೇಡಿಯೋ ಅಕ್ಕನ ದನಿಗೆ ಬಸ್ಸಿಗೆ ಬಸ್ಸೇ ಕಿಟಕಿಗೆ ಬಂತು. "ಆ ಮೇಣದ ಕೈದಿ! ಕಾಲು ಬಂದು ಓಡಿಹೋಗ್ತಿದ್ದಾನೆ! ಹಿಡೀರಿ ಯಾರಾದ್ರೂ!"

ಕಿಟಕಿ ಪಕ್ಕದ ಸೀಟಿನಲ್ಲಿ ತಂಗಾಳಿಗೆ ಕಣ್ಣು ಮುಚ್ಚಿ ಕೂತಿದ್ದ ಅತ್ತೆ ಕಣ್ಣು ತೆರೆಯಲಿಲ್ಲ.

"ಎಲ್ಲಿಗೆ ಹೋಗ್ತಾನೆ ಬಿಡಿ" ಎಂದರು. "ಮನೆಗೇ ತಾನೇ ಬರ್ಬೇಕು."