ಹಮೀದುನ್ನೀಸಾ ನರ್ಸಮ್ಮನವರಿಗೆ ದಯಮಾಡಿ ಶಿಕ್ಷೆ ಕೊಡಿ

ಆರೋಗ್ಯ ಇಲಾಖೆಯ ಮಾನ್ಯ ಅಧಿಕಾರಿಗಳೇ,

ಕುರ್ಚಿಯಿಂದ ಏಳದೆ, ಒಂದೇ ಸಹಿಯಲ್ಲಿ ಮನುಷ್ಯರನ್ನು ಶಿರಾದಿಂದ ಪಾವಗಡಕ್ಕೂ ಪಾವಗಡದಿಂದ ಕೊರಟಗೆರೆಗೂ ಹಾರಿಸಬಲ್ಲ ತಮ್ಮ ಬಲಗೈಗೆ, ನಿಡುಗಲ್ ಬೆಟ್ಟದ ಬುಡದ ಹಳ್ಳಿಯಿಂದ ದಿನಸಿ ಅಂಗಡಿಯ ಮೂಡಲಗಿರಿಯಪ್ಪನ ಸಾಷ್ಟಾಂಗ ನಮಸ್ಕಾರಗಳು. ಎಡಗೈಗೂ ಒಂದು ನಮಸ್ಕಾರವಿರಲಿ. ಅದರ ಕೆಲಸವೇನೆಂದು ನಾವು ಕೇಳುವವರಲ್ಲ.

ನಮ್ಮೂರಿನ ಮೇಲೆ ತಮಗಿರುವ ಪ್ರೀತಿ ದೊಡ್ಡದು. ಯಾವ ನೌಕರರ ಮೇಲೆ ಇಲಾಖಾ ವಿಚಾರಣೆ ಶುರುವಾದರೂ ತಮಗೆ ಮೊದಲು ನೆನಪಾಗುವುದು ನಾವೇ. ಐವತ್ತೆಂಟನೇ ಇಸವಿಯಲ್ಲಿ ಸರ್ಕಾರ ಕಟ್ಟಿಸಿಕೊಟ್ಟ ಹೆರಿಗೆ ಕೋಣೆಗೆ ಮೊದಲು ಬಂದ ನರ್ಸಮ್ಮನವರ ಮೇಲೆ ಕೆಲಸದ ಹೊತ್ತಿನಲ್ಲಿ ನಿದ್ದೆ ಮಾಡಿದ ಆರೋಪವಿತ್ತು. ಆ ನಿದ್ದೆಯನ್ನು ಮುಂದುವರಿಸಲು ಇಲ್ಲಿ ಗಾಳಿ ಚೆನ್ನಾಗಿತ್ತು. ಎರಡನೆಯವರು ಬಸ್ಸಿಳಿದು, ಊರನ್ನೊಮ್ಮೆ ನೋಡಿ, ಅದೇ ಬಸ್ಸು ಹತ್ತಿದರು. ನಾವು ಹುಟ್ಟಿ ಬೆಳೆದು, ಮದುವೆ ಮಾಡಿಕೊಂಡು ಬದುಕಿರುವ ಊರು ಸರ್ಕಾರದ ಲೆಕ್ಕದಲ್ಲಿ ಒಂದು ಶಿಕ್ಷೆ ಎಂಬುದು ನಮಗೆ ಗೊತ್ತಾದದ್ದು ಆಗಲೇ. ಯಾವ ಅಪರಾಧಕ್ಕಾಗಿ ನಾವಿಲ್ಲಿ ಹುಟ್ಟಿದೆವೆಂಬ ಕಡತವನ್ನು ಹುಡುಕಿಸಿ ಕೊಡಬೇಕಾಗಿ ಕೋರುತ್ತೇನೆ.

ಮೂರನೆಯವರಾಗಿ ಬಂದವರು ಶಿರಾ ಕಡೆಯ ಹಮೀದುನ್ನೀಸಾ. ಅವರ ಮೇಲಿದ್ದ ಆರೋಪ ಘೋರವಾದದ್ದು. ದೊಡ್ಡ ಸಾಹೇಬರು ತಪಾಸಣೆಗೆ ಬಂದ ದಿನ ಹಾರ ಹಿಡಿದು ಬಾಗಿಲಲ್ಲಿ ನಿಲ್ಲುವುದನ್ನು ಬಿಟ್ಟು, ಯಾರದೋ ಹೆರಿಗೆಗೆ ಓಡಿದ್ದರು. ನಮ್ಮಲ್ಲಿಗೆ ಬಂದ ಮೇಲೂ ಹೊತ್ತುಗೊತ್ತಿಲ್ಲದೆ ಅದೇ ಅಪರಾಧ ಮಾಡಿದರು. ನಮ್ಮ ಹೆಂಗಸರು ಅವರನ್ನು ಹಮೀದಕ್ಕ ಎಂದು ಕರೆಯತೊಡಗಿದರು. ಆಗ ನಾವು ಬುದ್ಧಿಗೆಟ್ಟು, ಇವರು ಬಹಳ ಒಳ್ಳೆಯವರು, ಇಲ್ಲೇ ಉಳಿಸಿಕೊಡಿ ಎಂದು ಊರೆಲ್ಲಾ ಹೆಬ್ಬೆಟ್ಟೊತ್ತಿ ತಮಗೆ ಮನವಿ ಕಳಿಸಿದೆವು. ತಾವು ಅದನ್ನು ಅರ್ಧ ಓದಿದಿರಿ. ಅಷ್ಟು ಒಳ್ಳೆಯವರಿಗೆ ಈ ಊರೇಕೆ ಎಂದು ಮರುಗಿ, ವಿಚಾರಣೆ ಕೈಬಿಟ್ಟು, ಅವರನ್ನು ಕೊರಟಗೆರೆಗೆ ವರ್ಗ ಮಾಡಿದಿರಿ.

ಈಗ ನನ್ನ ಮಗಳು ರಂಗಕ್ಕನಿಗೆ ದಿನ ತುಂಬಿದೆ. ಅವಳ ಮೊದಲ ಹೆರಿಗೆ ನಿದ್ದೆಯ ನರ್ಸಮ್ಮನವರ ಕಾಲದಲ್ಲಾಗಿ ಮಗು ಉಳಿಯಲಿಲ್ಲ. ಈ ಸಲ ಬಸುರಿಯಾದಾಗಿನಿಂದ ಅವಳಿಗೆ ಧೈರ್ಯ ತುಂಬಿದವರು ಹಮೀದಕ್ಕ. “ಅಪ್ಪಯ್ಯ, ಹಮೀದಕ್ಕ ಬರೋಗಂಟ ನಾನು ಹೆರಾಕಿಲ್ಲ ಕಣಪ್ಪ, ಸಾಹೇಬ್ರಿಗೆ ಅಂಗೇ ಬರ್ದುಬುಡು” ಎಂದು ಹಠ ಹಿಡಿದು ಕೂತಿದ್ದಾಳೆ. ನನಗೆ ಭಯವಾಗುತ್ತಿದೆ ಸ್ವಾಮಿ.

ಆದ್ದರಿಂದ ಹಿಂದಿನ ಹೊಗಳಿಕೆಯನ್ನೆಲ್ಲ ವಾಪಸು ಪಡೆದು ಈ ದೂರು ಸಲ್ಲಿಸುತ್ತಿದ್ದೇನೆ. ಸದರಿ ನರ್ಸಮ್ಮನವರು ಜನ ಪ್ರೀತಿಯಿಂದ ಕೊಟ್ಟ ಕೋಳಿಯನ್ನು ಮನೆಗೆ ಒಯ್ಯದೆ, ಬಾಣಂತಿಗೇ ಸಾರು ಮಾಡಿಸಿ ಹಾಕಿ, ಇಲಾಖೆಯ ಸಂಪ್ರದಾಯಕ್ಕೆ ಮಸಿ ಬಳಿದಿದ್ದಾರೆ. ಗೌಡರ ಕೈಯಲ್ಲಿ ಬಿಸಿನೀರು ಹೊರಿಸಿದ್ದಾರೆ. ಗಳಿಗೆ ಸರಿಯಿಲ್ಲ, ಹೆರಿಗೆಯನ್ನು ಸ್ವಲ್ಪ ತಡೆಯಿರಿ ಎಂದು ಜೋಯಿಸರು ಹೇಳಿಕಳಿಸಿದಾಗ, “ತಡೆಯೋಕೆ ಇದೇನು ಬಸ್ಸಾ?” ಎಂದು ಬಾಗಿಲು ಹಾಕಿಕೊಂಡಿದ್ದಾರೆ. ಇಂಥವರನ್ನು ಕೂಡಲೇ ಅಪರಾಧಿಯೆಂದು ಸಾರಿ, ನಮ್ಮೂರಿನ ಶಿಕ್ಷೆಯನ್ನು ಆಜೀವ ಪರ್ಯಂತ ವಿಧಿಸಬೇಕು. ವಿಚಾರಣೆ ತಮ್ಮ ವಾಡಿಕೆಯಂತೆ ನಿಧಾನವಾಗಿ ನಡೆಯಲಿ. ಹೆರಿಗೆ ಅಲ್ಲಿಯತನಕ ಕಾಯುವುದಿಲ್ಲ.

ತಮ್ಮ ದಯೆಯಿಂದ ಶಿಕ್ಷೆಯೊಳಗೇ ಸುಖವಾಗಿರುವ
ತಮ್ಮ ವಿಶ್ವಾಸಿ,
ಮೂಡಲಗಿರಿಯಪ್ಪ

ತಾ.ಕ.: ಈ ಕಾಗದವನ್ನು ಅಂಚೆಗೆ ಹಾಕುವ ಮೊದಲೇ ಹಮೀದುನ್ನೀಸಾ, ರಂಗಕ್ಕನ ದಿನಗಳನ್ನು ತಾವೇ ಲೆಕ್ಕ ಹಾಕಿಕೊಂಡು, ರಜೆ ಕೇಳದೆ, ಯಾರಿಗೂ ಹೇಳದೆ, ಕೊರಟಗೆರೆಯಿಂದ ಬಸ್ಸು ಹತ್ತಿ ಬಂದುಬಿಟ್ಟರು. ಹೆಣ್ಣು ಮಗು. ತಾಯಿ ಮಗು ಇಬ್ಬರೂ ಕ್ಷೇಮ. ಅಪ್ಪಣೆಯಿಲ್ಲದೆ ಕೆಲಸದ ಜಾಗ ಬಿಟ್ಟದ್ದು ತಮ್ಮ ಕಾಯಿದೆಯ ಪ್ರಕಾರವೇ ಅಪರಾಧ. ಮುಖ್ಯ ಸಾಕ್ಷಿ ತೊಟ್ಟಿಲಲ್ಲಿ ಕಿರುಚುತ್ತಿದ್ದಾಳೆ. ಇನ್ನಾದರೂ ಶಿಕ್ಷೆ ಕೊಡುತ್ತೀರೋ, ಇಲ್ಲಾ ಮತ್ತೊಮ್ಮೆ ಅವರನ್ನು ಕ್ಷಮಿಸಿ ನಮ್ಮನ್ನು ಹಾಳು ಮಾಡುತ್ತೀರೋ?