ಹೆಂಡತಿಯ ಹಿಪ್ ಹಾಪ್ ಆಲ್ಬಮ್ಮಿಗೆ ನಾನು ಕೊಟ್ಟ ಪ್ರಮಾಣಪತ್ರ

ನನ್ನ ಹೆಂಡತಿ ಐವತ್ತೊಂದನೆಯ ವಯಸ್ಸಿನಲ್ಲಿ ಹಿಪ್ ಹಾಪ್ ಆಲ್ಬಮ್ ಮಾಡಿದಳು. ಅದೂ ಯೇಸುಸ್ವಾಮಿಯ ಮೇಲೆ. ಈ ಸುದ್ದಿಯನ್ನು ನಾನು ನಿಂತುಕೊಂಡು ಕೇಳಿದೆ, ಕೂರಲು ಜಾಗವಿರಲಿಲ್ಲ. ಬೀರುವನ್ನು ಖಾಲಿ ಮಾಡಿ, ಒಳಗೆ ಕಂಬಳಿ ತೂಗುಹಾಕಿ ಅವಳು ಅದನ್ನೇ ರೆಕಾರ್ಡಿಂಗ್ ಸ್ಟುಡಿಯೋ ಮಾಡಿಕೊಂಡಿದ್ದಳು. ನನ್ನ ಬಟ್ಟೆಗಳೆಲ್ಲ ಕುರ್ಚಿಗಳ ಮೇಲೆ ಆಸೀನವಾಗಿದ್ದವು.

ನಾನು ಚರ್ಚಿನ ಆರ್ಗನ್ ವಾದಕ. ಮೂವತ್ತು ವರ್ಷದಿಂದ ಅದೇ ಬೆಂಚು, ಅದೇ ಬೆನ್ನುನೋವು. ಆ ತಿಂಗಳ ಕೊನೆಯ ಭಾನುವಾರ, ಚರ್ಚಿನ ಆಡಳಿತ ನೋಡುವ ಸಭಾಹಿರಿಯರ ಆಯ್ಕೆಯಿತ್ತು. ಇದ್ದದ್ದು ಒಂದೇ ಸ್ಥಾನ, ಅದು ನನಗೇ ಎಂದು ಊರೆಲ್ಲ ಮಾತು. (ಊರೆಲ್ಲ ಎಂದರೆ ನಾನು ಮತ್ತು ನನ್ನ ಸ್ನೇಹಿತ ದರ್ಜಿ.) ಆ ಪದವಿಗಾಗಿ ಆರು ವರ್ಷದಿಂದ ನಾನು ಯಾರ ಬಗ್ಗೆಯೂ ಅವರೆದುರಿಗೆ ಕೆಟ್ಟ ಮಾತಾಡಿರಲಿಲ್ಲ. ನನಗೆ ಅದು ಬೇಕೇ ಬೇಕಿತ್ತು.

"ಇದರಲ್ಲಿ ರಾಗ ಎಲ್ಲಿದೆಯೇ?" ಎಂದೆ ಬೀರುವಿನ ಬಾಗಿಲಿಗೆ.

"ರಾಗ ಎಳೆಯೋಕೆ ನೀವಿದ್ದೀರಲ್ಲ! ಇದು ಬೀಟು ರೀ, ಬೀಟು. ಬಾಗಿಲು ಹಾಕಿ!"

ಸೂತ್ರಧಾರ ನನ್ನ ಬಾಮೈದ. ಮದುವೆಮನೆಗಳಿಗೆ ಧ್ವನಿವರ್ಧಕ ಹಾಕುವುದು ಅವನ ಕಸುಬು. "ಭಾವ, ನಿಮ್ಮ ಆರ್ಗನ್ ಸ್ವಲ್ಪ ಬೇಕಿತ್ತು" ಎಂದ. ಕಲಾವಿದನಲ್ಲವೇ, ಕರಗಿದೆ. ಎಂಟು ನಿಮಿಷದ ಮಹಾಕೃತಿಯೊಂದನ್ನು ನುಡಿಸಿಕೊಟ್ಟೆ. ಅವನು ಅದರಿಂದ ನಾಲ್ಕೇ ಸೆಕೆಂಡ್ ಕತ್ತರಿಸಿಕೊಂಡು, ಅದನ್ನೇ ಗಾಣದೆತ್ತಿನ ಹಾಗೆ ಸುತ್ತಿಸಿದ. ಕೆಳಗೆ ಎರಡೇ ಸ್ವರದ ಬೇಸು, ಧಿಮ್ಮೆನ್ನುವ ಡ್ರಮ್ಮು. ಅದರ ಮೇಲೆ ನನ್ನ ಧರ್ಮಪತ್ನಿ ಉಸಿರು ಬಿಡದೆ ಮಾತಾಡುತ್ತಾಳೆ. ಮದುವೆಯಾದಂದಿನಿಂದ ಅಭ್ಯಾಸ ಮಾಡಿದ್ದಾಳೆ, ಅದು ಅವಳಿಗೆ ಕಷ್ಟವೇ ಅಲ್ಲ.

ನಮ್ಮ ಚರ್ಚಿನಲ್ಲಿ ಹೊಸ ಸಂಗೀತ ಕೇಳಿಸಬೇಕಾದರೆ ಆರ್ಗನ್ ವಾದಕ ಪ್ರಮಾಣಪತ್ರ ಕೊಡಬೇಕು. ಹತ್ತು ಹಾಡನ್ನೂ ಎರಡೆರಡು ಸಲ ಕೇಳಿದೆ. ಇಲ್ಲಿ ನನ್ನದೊಂದು ವೃತ್ತಿದೋಷವನ್ನು ಹೇಳಬೇಕು: ನನಗೆ ಸ್ವರ ಕೇಳಿಸುತ್ತದೆ, ಸಾಹಿತ್ಯ ಕೇಳಿಸುವುದಿಲ್ಲ. ಸಂಸಾರದಲ್ಲೂ ಹಾಗೆಯೇ. ಅವಳು ಮಧ್ಯಮದಲ್ಲಿದ್ದರೆ "ಹೂಂ" ಅನ್ನುತ್ತೇನೆ, ಪಂಚಮ ದಾಟಿದರೆ "ತಪ್ಪಾಯ್ತು" ಅನ್ನುತ್ತೇನೆ. ಇಪ್ಪತ್ತೇಳು ವರ್ಷ ಇದರಲ್ಲೇ ದಾಟಿದೆ. ಹಾಗಾಗಿ ತಾಳ, ಲಯ, ಬೇಸು ಎಲ್ಲವನ್ನೂ ಪರಾಂಬರಿಸಿ, ಸಭಾಹಿರಿಯನಿಗೆ ತಕ್ಕ ಔದಾರ್ಯದಿಂದ ಬರೆದೆ: "ಇದರಲ್ಲಿ ಎಲ್ಲಿಯೂ ಒಂದಿಷ್ಟೂ ತಪ್ಪಿಲ್ಲ. ಎಲ್ಲವೂ ಕರಾರುವಾಕ್ಕು." ಸಹಿ ಹಾಕಿದೆ.

ಭಾನುವಾರ ಬಂತು. ಆಯ್ಕೆಗೆ ಮೊದಲು ಆಲ್ಬಮ್. ಪಾಸ್ಟರ್ ನನ್ನ ಪ್ರಮಾಣಪತ್ರವನ್ನು ಗಟ್ಟಿಯಾಗಿ ಓದಿ, "ಇದು ಸಾಕ್ಷಿ ಹೇಳೋ ಆಲ್ಬಮ್. ಪಾಪವನ್ನ ಮುಚ್ಚಿಡದೆ ಹೇಳಿ ಕ್ಷಮೆ ಕೇಳೋದು" ಎಂದರು. ಬೇಸು ಮೊಳಗಿತು. ಮಕ್ಕಳು ಕುಣಿದರು. ನಾನು ಆರ್ಗನ್ ಮುಂದೆ ಕೂತು ಲಯ ಎಣಿಸುತ್ತಿದ್ದೆ. ಮೂರನೆಯ ಹಾಡಿನ ಪಲ್ಲವಿಯನ್ನು ಇನ್ನೂರು ಜನ ಒಟ್ಟಿಗೆ ಕೂಗಿದಾಗ, ಜನ್ಮದಲ್ಲಿ ಮೊದಲ ಬಾರಿಗೆ ನನಗೆ ಸಾಹಿತ್ಯ ಕೇಳಿಸಿತು.

"ಬುಧವಾರ ಪ್ರಾಕ್ಟೀಸ್ ಇಲ್ಲ! ಇಲ್ಲ! ಇಲ್ಲ!"

ಪ್ರತಿ ಬುಧವಾರ ಗಾಯಕವೃಂದದ ಅಭ್ಯಾಸವೆಂದು ಹೇಳಿ ನಾನು ದರ್ಜಿಯ ಅಂಗಡಿಯಲ್ಲಿ ಚದುರಂಗ ಆಡುತ್ತೇನೆ. ಇದು ಅವಳಿಗೆ ಗೊತ್ತಿದೆಯೆಂದು ನನಗೆ ಗೊತ್ತಿರಲಿಲ್ಲ. ನಾಲ್ಕನೆಯ ಹಾಡು, ಉಪದೇಶದ ಹೊತ್ತಿನಲ್ಲಿ ಆರ್ಗನ್ನಿನ ಹಿಂದೆ ನಾನು ಮಾಡುವ ನಿದ್ದೆ. ಐದು, ಹುಟ್ಟುಹಬ್ಬದ ಕೇಕಿನ ಕೊನೆಯ ತುಂಡು ತಿಂದು ತಪ್ಪನ್ನು ಬೆಕ್ಕಿನ ಮೇಲೆ ಹಾಕಿದ್ದು. ಪ್ರತಿಯೊಂದಕ್ಕೂ ನನ್ನದೇ ಆರ್ಗನ್ನಿನ ಹಿಮ್ಮೇಳ.

ಆಲ್ಬಮ್ ಮುಗಿದದ್ದೇ ಅವಳ ಪಕ್ಕಕ್ಕೆ ಓಡಿದೆ. "ಸಾಕ್ಷಿ ಅಂದ್ರೆ ಅವರವರ ಪಾಪ ಹೇಳ್ಕೋಬೇಕಲ್ವೇನೇ!"

"ಕೂತು ಯೋಚಿಸಿದೆ ರೀ. ನಂದು ಎರಡೇ ಸಾಲು ಬಂತು. ನನ್ನ ತಮ್ಮ, ಹತ್ತು ಹಾಡು ಬೇಕು ಅಂದ. ಮನೇಲಿ ಇದ್ದದ್ದನ್ನೇ ಬಳಸ್ಕೊಂಡೆ."

"ನಂಗೊಂದು ಮಾತು ಹೇಳಬಾರದಿತ್ತಾ?"

"ಎರಡೆರಡು ಸಲ ಕೇಳಿಸಿದ್ದೀನಿ. ತಲೆ ಆಡಿಸಿದ್ರಿ. ಸಹಿ ಬೇರೆ ಹಾಕಿದ್ರಿ."

ಅಷ್ಟರಲ್ಲಿ ಪಾಸ್ಟರ್ ಸಭಾಹಿರಿಯರ ಸ್ಥಾನಕ್ಕೆ ಹೆಸರು ಸೂಚಿಸಿ ಎಂದರು. ದರ್ಜಿ ಎದ್ದು ನಿಂತ. ಸದ್ಯ, ಒಬ್ಬನಾದರೂ ಉಳಿದಿದ್ದಾನೆ ಎಂದು ನನಗೆ ಜೀವ ಬಂತು.

"ಅಕ್ಕನವರ ಹೆಸರು ಸೂಚಿಸ್ತೀನಿ" ಎಂದ ಪಾಪಿ. "ಇಂಥವರ ಜೊತೆ ಇಪ್ಪತ್ತೇಳು ವರ್ಷ ತಾಳಿದವರು ನಮ್ಮ ಸಭೆನ ತಾಳಲ್ವಾ?"

ಚಪ್ಪಾಳೆಯ ಸುರಿಮಳೆ. "ಯಾರದಾದರೂ ವಿರೋಧ ಇದ್ರೆ ಕೈ ಎತ್ತಿ" ಎಂದರು ಪಾಸ್ಟರ್. ನನ್ನ ಬಲಗೈ ಆಗಲೇ ಭುಜದವರೆಗೆ ಬಂದಿತ್ತು. ಅವಳು ನನ್ನತ್ತ ತಿರುಗಿ, ಕಣ್ಣಲ್ಲೇ ಆರ್ಗನ್ ತೋರಿಸಿದಳು.

ಹೋಗಿ ಕೂತು ಎರಡೂ ಕೈಯಲ್ಲಿ ಸ್ತುತಿಗೀತೆ ನುಡಿಸಿದೆ. ಆಯ್ಕೆ ಸರ್ವಾನುಮತದಿಂದ ಆಯಿತೆಂದು ದಾಖಲಾಯಿತು.